ಚಾರ್ಜ್‌ಶೀಟನ್ನೇ ನಂಬಿ ಕೂತರೆ

ಎಂವಿಸಿ ಕೇಸು ನಡೆಸುವವರಲ್ಲಿ ಒಂದು ನಂಬಿಕೆ ಗಟ್ಟಿಯಾಗಿ ಬೇರೂರಿದೆ. ಲಾರಿ ಚಾಲಕನ ಮೇಲಿನ ಚಾರ್ಜ್‌ಶೀಟು ನಿಶಾನೆಯಾದರೆ ನಿರ್ಲಕ್ಷ್ಯ ಸಾಬೀತಾದಂತೆ. ಉಳಿದಿದ್ದು ಅಂಗವೈಕಲ್ಯದ ಶೇಕಡಾವಾರು ಮತ್ತು ಮಲ್ಟಿಪ್ಲೈಯರ್ ಲೆಕ್ಕ ಮಾತ್ರ. ಮೋಟಾರು ವಾಹನ ಕಾಯ್ದೆ ಗಾಯಾಳುವಿನ ಪರ ನಿಂತ ಕಾನೂನು ಎಂಬ ಅಭಿಮಾನ ನನಗೂ ಇದೆ. ಆ ಅಭಿಮಾನದಿಂದಲೇ ಹೇಳುತ್ತೇನೆ: ಈ ನಂಬಿಕೆ ಗಾಯಾಳುವಿಗೇ ಮುಳುವು.

ಶಂಶಾಬಾದನ್ನು ನೋಡಿ. ಬೆಂಗಳೂರು–ಹೈದರಾಬಾದ್ ಹೆದ್ದಾರಿ, ಹೊರ ವರ್ತುಲ ರಸ್ತೆ, ವಿಮಾನ ನಿಲ್ದಾಣದ ದಾರಿ ಕೂಡುವ ಜಾಗ. ಯಾದಗಿರಿಯಿಂದ ಗಾರೆ ಕೆಲಸಕ್ಕೆ ಹೋದ ಒಬ್ಬನ ಬೈಕಿಗೆ ಅಲ್ಲಿ ಲಾರಿ ಗುದ್ದಿ ಕಾಲು ಮುರಿಯಿತು ಎಂದಿಟ್ಟುಕೊಳ್ಳಿ. ಅವನು ಪ್ರಜ್ಞೆಯಿಲ್ಲದೆ ಆಸ್ಪತ್ರೆಯಲ್ಲಿದ್ದಾನೆ. ಠಾಣೆಗೆ ಹೋಗಿ ಹೇಳಿಕೆ ಬರೆಸುವವನು ಲಾರಿ ಚಾಲಕ. ಬೈಕಿನವನೇ ಅಡ್ಡ ಬಂದ ಎಂದು ಎಫ್‌ಐಆರ್ ಆಗುತ್ತದೆ, ಅದೇ ಜಾಡಿನಲ್ಲಿ ಚಾರ್ಜ್‌ಶೀಟೂ ಬರುತ್ತದೆ. 166(2)ನೇ ಕಲಂ ಪ್ರಕಾರ ತನ್ನ ವಾಸದ ಊರಲ್ಲೇ ಅರ್ಜಿ ಹಾಕಬಹುದು. ಹಾಗಾಗಿ ತೆಲುಗಿನ ಕಾಗದಪತ್ರ ಯಾದಗಿರಿಯ ನ್ಯಾಯಮಂಡಳಿಗೆ ಬಂದು ಬೀಳುತ್ತದೆ. ಚಾರ್ಜ್‌ಶೀಟೇ ಪುರಾವೆ ಎಂದು ನೂರು ಕೇಸಿನಲ್ಲಿ ವಾದಿಸಿದ ವಕೀಲರು ಈಗ ಏನು ಹೇಳಬೇಕು?

ಹೇಳಲು ಬೇಕಾದಷ್ಟಿದೆ. 1980ರ ಎನ್.ಕೆ.ವಿ. ಬ್ರದರ್ಸ್ ತೀರ್ಪಿನಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರು, ಚಾಲಕ ಕ್ರಿಮಿನಲ್ ಕೇಸಿನಲ್ಲಿ ಖುಲಾಸೆಯಾದರೂ ಪರಿಹಾರಕ್ಕೆ ಅದು ಅಡ್ಡಿಯಲ್ಲ ಎಂದರು. ಎಲ್ಲರೂ ಉದ್ಧರಿಸುವ ಈ ಮಾತಿನ ಇನ್ನೊಂದು ಮಗ್ಗುಲನ್ನು ಯಾರೂ ಗಮನಿಸುವುದಿಲ್ಲ. ಕ್ರಿಮಿನಲ್ ಕೋರ್ಟಿನ ಖುಲಾಸೆಯೇ ನ್ಯಾಯಮಂಡಳಿಯನ್ನು ಕಟ್ಟಿಹಾಕದಿದ್ದರೆ, ಇನ್ನೂ ವಿಚಾರಣೆಯೇ ಆಗದ ಚಾರ್ಜ್‌ಶೀಟು ಹೇಗೆ ಕಟ್ಟಿಹಾಕೀತು? ಅದು ಮೇಲ್ನೋಟದ ಪುರಾವೆ, ನಿಜ. ಸುಪ್ರೀಂ ಕೋರ್ಟೂ ಹಾಗೆಂದಿದೆ. ಆದರೆ ಸಂಶಯಾತೀತ ಪುರಾವೆ ಬೇಡ, ಯಾವ ಕಡೆಯ ಸಂಭವ ಹೆಚ್ಚು ಎಂದು ತೂಗಿದರೆ ಸಾಕು ಎಂದು 2009ರಿಂದ ಅದು ಮತ್ತೆ ಮತ್ತೆ ಹೇಳುತ್ತ ಬಂದಿರುವಾಗ, ತೂಗುವ ಕೆಲಸ ನ್ಯಾಯಮಂಡಳಿಯದೇ.

ತೂಗಲು ಬೇಕಾದದ್ದು ಬಹುಪಾಲು ಐಎಂವಿ ವರದಿಯಲ್ಲಿರುತ್ತದೆ. ಅಪಘಾತ ಯಾಂತ್ರಿಕ ದೋಷದಿಂದ ಆದದ್ದಲ್ಲ ಎಂಬ ಕೊನೆಯ ಸಾಲನ್ನಷ್ಟೇ ಓದಿ ಬದಿಗಿಡುವುದು ರೂಢಿ. ಅದರ ಮೇಲಿನ ಸಾಲುಗಳನ್ನು ಓದಿ: ಹಿಂದಿನ ನಂಬರ್ ಪ್ಲೇಟು ಮಡಚಿದೆ, ಟೈಲ್ ಲ್ಯಾಂಪ್ ಪುಡಿಯಾಗಿದೆ, ಹೆಡ್‌ಲೈಟಿಗೆ ಗೀರೂ ಇಲ್ಲ. ಇಂಥ ಬೈಕು ಲಾರಿಗೆ ಅಡ್ಡ ಬಂದದ್ದು ಹೇಗೆ? ವಾಹನ ನಿಂತ ಜಾಗವೊಂದೇ ನಿರ್ಲಕ್ಷ್ಯವನ್ನು ಸಾಬೀತು ಮಾಡದು ಎಂದು 2013ರಲ್ಲಿ ಸುಪ್ರೀಂ ಕೋರ್ಟ್ ಎಚ್ಚರಿಸಿದೆ. ಆದ್ದರಿಂದ ಗಾಯಾಳು ಸಾಕ್ಷಿ ಕಟ್ಟೆ ಹತ್ತಿ ನಡೆದದ್ದನ್ನು ಹೇಳಲೇಬೇಕು. ಎದುರಿಗೆ ವಿಮಾ ಕಂಪನಿ ಚಾಲಕನನ್ನು ಕರೆಸದೆ ತನ್ನ ಅಧಿಕಾರಿಯನ್ನಷ್ಟೇ ನಿಲ್ಲಿಸಿದರೆ, ಆ ಮೌನವನ್ನು ಕಂಪನಿಯ ವಿರುದ್ಧವೇ ಓದಬೇಕು.

ಕಾಗದ ಬಿಟ್ಟು ಇಷ್ಟು ಸಡಿಲಿಸಿದರೆ ಸುಳ್ಳು ಕೇಸು ಹೆಚ್ಚುತ್ತವೆ ಎಂಬ ಆಕ್ಷೇಪ ಹಗುರವಲ್ಲ. ಉತ್ತರ ಪ್ರದೇಶದ ಸುಳ್ಳು ಕ್ಲೇಮುಗಳ ತನಿಖೆಯನ್ನು 2021ರಲ್ಲಿ ಸುಪ್ರೀಂ ಕೋರ್ಟೇ ಕೈಗೆತ್ತಿಕೊಂಡಿತ್ತು. ಆದರೆ ವಿಮೆಯಿರುವ ವಾಹನವನ್ನು ಆಮೇಲೆ ತಂದು ಸೇರಿಸುವವರ ಬಳಿ ಚಾರ್ಜ್‌ಶೀಟು ಅಚ್ಚುಕಟ್ಟಾಗಿಯೇ ಇರುತ್ತದೆ. ಕಾಗದವನ್ನೇ ನಂಬುವ ಪದ್ಧತಿ ಅವರಿಗೆ ಬಾಗಿಲು ತೆರೆದು, ನಿಜವಾದ ಗಾಯಾಳುವನ್ನು ಹೊರಗೆ ನಿಲ್ಲಿಸುತ್ತದೆ.

ಈ ತಾಪತ್ರಯವೇ ಬೇಡ, ತಪ್ಪು ಯಾರದೆಂದು ಕೇಳದ 164ನೇ ಕಲಂ ಇದೆಯಲ್ಲ ಎನ್ನುವವರೂ ಇದ್ದಾರೆ. ತೀವ್ರ ಗಾಯಕ್ಕೆ ಅದು ಕೊಡುವುದು 2.5 ಲಕ್ಷ ರೂಪಾಯಿ. ಅದನ್ನು ಒಪ್ಪಿ ಪಡೆದರೆ ನ್ಯಾಯಮಂಡಳಿಯ ಮುಂದಿನ ಅರ್ಜಿ ಬಿದ್ದುಹೋಗುತ್ತದೆ. ಮತ್ತೆಂದೂ ಸಾರುವೆ ಹತ್ತಲಾಗದ ಗಾರೆಯವನಿಗೆ ಇದು ನ್ಯಾಯವಲ್ಲ.

2022ರ ಏಪ್ರಿಲ್‌ನಿಂದ ಪೊಲೀಸರು 90 ದಿನದೊಳಗೆ ವಿಸ್ತೃತ ಅಪಘಾತ ವರದಿಯನ್ನು ನ್ಯಾಯಮಂಡಳಿಗೆ ಸಲ್ಲಿಸಬೇಕು. ಸ್ಥಳದ ನಕ್ಷೆ, ವಾಹನ ತಪಾಸಣೆಯ ವರದಿ ಅದರಲ್ಲಿರಬೇಕು. ಗಡಿಯಾಚೆಯ ಕೇಸು ಹಿಡಿದಿರುವ ವಕೀಲ ಮಿತ್ರರಲ್ಲಿ ನನ್ನ ಕೋರಿಕೆ ಇಷ್ಟೇ: ಆ ಎರಡನ್ನೂ ತರಿಸಿ ಮೊದಲು ಕನ್ನಡಕ್ಕೆ ಮಾಡಿಸಿ, ಚಾಲಕನಿಗೆ ಸಮನ್ಸ್ ಕೇಳಿ. ಮಲ್ಟಿಪ್ಲೈಯರ್ ಲೆಕ್ಕ ಆಮೇಲೆ ಮಾಡೋಣ.