ಸಾಹುಕಾರನ ಪಾರ್ಟಿನವರು

ಜರ್ಮನಿಯ ಮೂಕಿಚಿತ್ರಗಳ ಪೋಷಕ ನಟ ಮ್ಯಾಕ್ಸ್ ಶ್ರೆಕ್ (1879–1936) ಪಳಗಿದ್ದು ನಾಟಕದಲ್ಲಿ, ಮ್ಯಾಕ್ಸ್ ರೈನ್‌ಹಾರ್ಟ್ ತಂಡದಲ್ಲಿ. ಬದುಕಿನುದ್ದಕ್ಕೂ ರಂಗದ ಮೇಲೆ ದುಡಿದವನನ್ನು ಲೋಕ ನೆನಪಿಟ್ಟದ್ದು 1922ರ ‘ನೊಸ್ಫೆರಾಟು’ ಚಿತ್ರದ ರಕ್ತ ಹೀರುವ ಪಾತ್ರದಿಂದ ಮಾತ್ರ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಸೀಮೆಯ ನಾಟಕದವರಿಗೆ ಅಂಥ ಒಂದು ಪಾತ್ರದ ಭಾಗ್ಯವೂ ಒದಗಲಿಲ್ಲ.

ಕನ್ನಡ ಸಿನಿಮಾ ಹುಟ್ಟಿದ್ದೇ ಕಂಪನಿ ನಾಟಕದ ಮಡಿಲಲ್ಲಿ. 1934ರ ‘ಸತಿ ಸುಲೋಚನಾ’ದಲ್ಲಿ ರಾವಣನಾದ ಆರ್. ನಾಗೇಂದ್ರರಾಯರು 1941ರ ‘ವಸಂತಸೇನಾ’ದಲ್ಲಿ ಶಕಾರನಾದರು. ಬಾಲಕೃಷ್ಣ, ನರಸಿಂಹರಾಜು ಬಂದದ್ದು ಗುಬ್ಬಿ ಕಂಪನಿಯಿಂದ. ದಕ್ಷಿಣದ ಕಂಪನಿಗಳಿಗೆ ಚಿತ್ರಗಳು ತಯಾರಾಗುತ್ತಿದ್ದ ಮದರಾಸಿನ ದಾರಿ ಹತ್ತಿರವಿತ್ತು. ಉತ್ತರದವರು ಜಾತ್ರೆಯಿಂದ ಜಾತ್ರೆಗೆ ಕ್ಯಾಂಪ್ ಹಾಕುತ್ತಲೇ ಉಳಿದರು.

ಅವರ ಕಸುಬು ಎಂಥದ್ದು? ಈ ಭಾಗದ ಯಾವುದೇ ಊರ ಜಾತ್ರೆಯ ನಾಟಕ ನೋಡಿ. ಸಾಹುಕಾರನ ಪಾರ್ಟಿನವನು ಪರದೆಯ ಹಿಂದೆಯೇ ಒಮ್ಮೆ ಕೆಮ್ಮುತ್ತಾನೆ. ಪೇಟಿ ಮಾಸ್ತರ ಎರಡು ಸ್ವರ ಒತ್ತುತ್ತಾನೆ. ಆಮೇಲೆ ಧೋತರದ ಚುಂಗು ಹಿಡಿದು ಪ್ರವೇಶ. ನಡುರಂಗಕ್ಕೆ ಬರುವ ಮೊದಲೇ ಇವನು ಬಡ್ಡಿಯವನು, ಬಡವರ ಹೊಲದ ಮೇಲೆ ಕಣ್ಣಿಟ್ಟವನು ಎಂಬುದು ಕೊನೆಯ ಸಾಲಿನ ಮುದುಕಿಗೂ ತಿಳಿದಿರುತ್ತದೆ. ನಾಯಕ ಅರ್ಧ ತಾಸು ಭಾಷಣ ಮಾಡಿದರೂ ಇದನ್ನು ಸಾಧಿಸಲಾರ. (ನಾಯಕರ ಅಭಿಮಾನಿಗಳು ಕ್ಷಮಿಸಬೇಕು.)

ಆದರೆ ಈ ಶಕ್ತಿಯೇ ಪರಂಪರೆಯ ಮಿತಿಯೂ ಹೌದು. ಹಿಂದಿನವನ ಕೆಮ್ಮು, ಹಿಂದಿನವನ ನಗು, ಮೀಸೆ ತಿರುವುವ ಗತ್ತು ಹಾಗೆಹಾಗೇ ಮುಂದಿನವನಿಗೆ ದಾಟುತ್ತವೆ. ಪಾತ್ರ ಅಚ್ಚಾಗುತ್ತದೆ, ಸಾಹುಕಾರನಿಗೂ ಒಂದು ಸಂಕಟವಿರಬಹುದು ಎಂಬುದು ನಾಟಕಕಾರನಿಗೂ ಹೊಳೆಯುವುದಿಲ್ಲ, ನಟನಿಗೂ ಬೇಕಾಗುವುದಿಲ್ಲ. ಚಪ್ಪಾಳೆ ಬೀಳುವವರೆಗೆ ಬದಲಾವಣೆಯ ಗೊಡವೆ ಯಾರಿಗೆ ಬೇಕು?

ಹೆಚ್ಚಿನ ನಷ್ಟ ಆದದ್ದು ಮಾತಿನಲ್ಲಿ. ಕುಷ್ಟಗಿಗೆ ದೂರವೇನಲ್ಲದ ಸೂಳೇಭಾವಿಯ ಪಿ.ಬಿ. ಧುತ್ತರಗಿಯವರ ‘ಸಂಪತ್ತಿಗೆ ಸವಾಲ್’ ನಾಟಕ 1974ರಲ್ಲಿ ಚಿತ್ರವಾಯಿತು. ರಾಜ್‌ಕುಮಾರ್, ವಜ್ರಮುನಿ, ಬಾಲಕೃಷ್ಣ ಗೆದ್ದರು, ಚಿತ್ರವೂ ಗೆದ್ದಿತು. ಕಥೆ ಇಲ್ಲಿಂದ ಹೋಯಿತು, ಇಲ್ಲಿನ ಮಾತು ಹೋಗಲಿಲ್ಲ. ಪೋಷಕ ನಟನಿಗೆ ನುಡಿಯೇ ಬಂಡವಾಳ. ಅದು ಬೇಡವಾದ ಮೇಲೆ ಆತನೂ ಬೇಡವಾದ. ಮುಂದೆ ನಮ್ಮ ಮಾತು ಚಿತ್ರಗಳಿಗೆ ಬಂದದ್ದು ಹೆಚ್ಚಾಗಿ ನಗಿಸಲು, ಇಲ್ಲವೇ ಹೆದರಿಸಲು. ಈ ಮಾತಿಗೆ ತುಂಬಿದ ಸಭೆ ಸಿಕ್ಕಿದ್ದು ಹಾಸ್ಯ ಭಾಷಣಕಾರ ಗಂಗಾವತಿ ಪ್ರಾಣೇಶ್ ಒಬ್ಬರೇ ಮೈಕಿನ ಮುಂದೆ ನಿಂತಾಗ.

ಅವಕಾಶ ಕೊಟ್ಟರೆ ಏನಾಗುತ್ತದೆ ಎಂಬುದಕ್ಕೆ ಬೀದರ್ ಸೀಮೆಯ ವೈಜನಾಥ ಬಿರಾದಾರ ಸಾಕ್ಷಿ. ಭಿಕ್ಷುಕ, ಕುಡುಕ ಎಂದು ವರ್ಷಗಟ್ಟಲೆ ಚಿತ್ರಗಳ ಅಂಚಿನಲ್ಲಿದ್ದವರಿಗೆ ಗಿರೀಶ ಕಾಸರವಳ್ಳಿ, ಅಮರೇಶ ನುಗಡೋಣಿಯವರ ಕಥೆ ಆಧರಿಸಿದ ‘ಕನಸೆಂಬೋ ಕುದುರೆಯನೇರಿ’ಯಲ್ಲಿ ಹೆಣದ ಕುಣಿ ತೋಡುವ ಈರ್ಯಾನ ಪಾತ್ರ ಕೊಟ್ಟರು. ಕನಸಿನಲ್ಲಿ ಸಿದ್ಧ ಕಂಡರೆ ಊರಲ್ಲಿ ಸಾವು ಖಂಡಿತ ಎಂದು ನಂಬಿದವನು ಈರ್ಯಾ. ಗೌಡರ ಮನೆಯವರು ಸಾವನ್ನು ಮುಚ್ಚಿಟ್ಟಾಗ ಆ ನಂಬಿಕೆಯೇ ಅಲುಗಾಡುತ್ತದೆ. ಇಲ್ಲಿ ಬಿರಾದಾರರು ಅಚ್ಚನ್ನು ಒಡೆದರು. ಮಾತು ತಗ್ಗಿಸಿ, ಮೈಯಿಂದಲೇ ಆಡಿದರು. ಮ್ಯಾಡ್ರಿಡ್‌ನ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿಯೂ ಬಂತು.

ಕುಕನೂರಿನ ರಹಿಮಾನವ್ವ ಕಲ್ಮನಿಯವರಂಥ ನಟಿಯರ ಹೆಸರು ಬಲ್ಲವರು ಇಂದಿಗೂ ಈ ಸುತ್ತಿನಲ್ಲೇ ಹೆಚ್ಚು. ರಂಗಭೂಮಿಯ ಇತಿಹಾಸ ಬರೆಯುವವರು ಮಾಲೀಕರನ್ನೂ ನಾಯಕರನ್ನೂ ದಾಟಿ ಇಂಥವರ ಮನೆಬಾಗಿಲಿಗೆ ಬರಬೇಕು. ಓದುಗರಾದ ನೀವೂ ಮುಂದಿನ ಸಲ ಕೊಪ್ಪಳದ ಗವಿಮಠದ ಜಾತ್ರೆಗೆ ಬಂದಾಗ ನಾಟಕದ ಟಿಕೆಟ್ ತೆಗೆಸಿ, ಸಾಹುಕಾರನ ಪಾರ್ಟಿನವನ ಹೆಸರು ಕೇಳಿಕೊಂಡು ಹೋಗಿ.