ಮುಖವಿಲ್ಲದ ಸೈಕಲ್ ಸವಾರ

ನಿರ್ಜನವಾದ ಒಂದು ರಸ್ತೆ. ಒಬ್ಬ ಸೈಕಲ್ ಸವಾರ ನಮಗೆ ಬೆನ್ನು ಹಾಕಿ ತುಳಿಯುತ್ತಾ ಸಾಗಿ ದಿಬ್ಬದಾಚೆ ಮರೆಯಾಗುತ್ತಾನೆ. ಮರುಕ್ಷಣದಲ್ಲೇ ಒಂದು ಕಾರು. ಅದರಿಂದಿಳಿದ ಗಂಡಸು ಓಡಿ ಹೋಗಿ ನೋಡುತ್ತಾನೆ. ಬಿದ್ದವನಿಗೆ ಇನ್ನೂ ಜೀವವಿದೆ. ಆದರೆ ಕಾರು ಓಡಿಸುತ್ತಿದ್ದ ಹೆಂಗಸು ಅವನನ್ನು ಹಿಂದಕ್ಕೆ ಕರೆಯುತ್ತಾಳೆ. ಅವನು ಅರೆಗಳಿಗೆ ಅಳುಕುತ್ತಾನೆ, ಬಳಿಕ ಕಾರು ಹತ್ತುತ್ತಾನೆ. ಕಾರು ಹೊರಟು ಹೋಗುತ್ತದೆ.

ಸ್ಪೇನಿನ ನಿರ್ದೇಶಕ ಹುವಾನ್ ಅಂತೋನಿಯೊ ಬಾರ್ದೆಮ್ 1955ರಲ್ಲಿ ತೆಗೆದ ‘ಮುಯೆರ್ತೆ ದೆ ಉನ್ ಸಿಕ್ಲಿಸ್ತಾ’, ಅಂದರೆ ‘ಸೈಕಲ್ ಸವಾರನ ಸಾವು’ ಎಂಬ ಚಿತ್ರ ಆರಂಭವಾಗುವುದು ಹೀಗೆ. ಅವರೇಕೆ ನಿಲ್ಲಲಿಲ್ಲ? ಆ ಹೆಂಗಸು, ಮರಿಯಾ ಹೊಸೆ, ದೊಡ್ಡ ಶ್ರೀಮಂತನೊಬ್ಬನ ಹೆಂಡತಿ. ಜೊತೆಗಿದ್ದ ಹುವಾನ್ ಅವಳ ಹಳೆಯ ಪ್ರಿಯಕರ. ಆಸ್ಪತ್ರೆಗೆ ಹೋದರೆ ಪೊಲೀಸರು ಬರುತ್ತಾರೆ, ಪೊಲೀಸರು ಬಂದರೆ ಗುಟ್ಟು ರಟ್ಟಾಗುತ್ತದೆ. ಒಂದು ತಪ್ಪನ್ನು ಮುಚ್ಚಿಡಲು ಒಂದು ಜೀವವನ್ನೇ ಬಲಿ ಕೊಟ್ಟದ್ದು ಈ ಕಥೆಯ ಬೀಜ.

ಆ ದಿನಗಳ ಸ್ಪೇನನ್ನು ನೆನಪಿಸಿಕೊಳ್ಳದೆ ಈ ಚಿತ್ರ ಅರ್ಥವಾಗುವುದಿಲ್ಲ. 1936ರಿಂದ 1939ರವರೆಗಿನ ಅಂತರ್ಯುದ್ಧದಲ್ಲಿ ಗೆದ್ದ ಜನರಲ್ ಫ್ರಾಂಕೊ 1975ರಲ್ಲಿ ಸಾಯುವ ತನಕ ದೇಶವನ್ನು ಹಿಡಿತದಲ್ಲಿಟ್ಟುಕೊಂಡಿದ್ದ. ಕಮ್ಯೂನಿಸ್ಟನಾಗಿದ್ದ ಬಾರ್ದೆಮ್ ಆ ಆಡಳಿತವನ್ನು ನೇರವಾಗಿ ಟೀಕಿಸುವಂತಿರಲಿಲ್ಲ. ಹಾಗಾಗಿ ಅನೈತಿಕ ಸಂಬಂಧ, ಅಪರಾಧ, ಬ್ಲ್ಯಾಕ್‌ಮೇಲ್ ಎಂಬ ಮೆಲೋಡ್ರಾಮಾದ ಸರಕನ್ನೇ ಎತ್ತಿಕೊಂಡ. ಅದರೊಳಗೆ ಗೆದ್ದವರ ಲೋಕದ ಚಿತ್ರವನ್ನಿಟ್ಟ. ಹುವಾನ್ ಯುದ್ಧಕ್ಕೆ ಹೋಗಿದ್ದಾಗ ಮರಿಯಾ ಹೊಸೆ ಹಣವಂತನನ್ನು ಮದುವೆಯಾಗಿದ್ದಾಳೆ. ಈಗ ಕಾಲೇಜಿನಲ್ಲಿ ಜ್ಯಾಮಿತಿ ಕಲಿಸುವ ಹುವಾನನಿಗೆ ಆ ಹುದ್ದೆ ಸಿಕ್ಕಿದ್ದು ಭಾವನ ಪ್ರಭಾವದಿಂದ. ಇಬ್ಬರೂ ಬೇರೆಯವರ ನೆರಳಿನಲ್ಲಿ ಬದುಕುವವರೇ.

ಚಿತ್ರದ ಅತ್ಯುತ್ತಮ ಭಾಗ ಪರೀಕ್ಷೆಯ ದೃಶ್ಯ. ಮತಿಲ್ದೆ ಎಂಬ ವಿದ್ಯಾರ್ಥಿನಿ ಕರಿಹಲಗೆಯ ಮೇಲೆ ಲೆಕ್ಕ ಬಿಡಿಸುತ್ತಿದ್ದಾಳೆ. ಹುವಾನನ ಕಣ್ಣು ಪತ್ರಿಕೆಯಲ್ಲಿರುವ ಸಾವಿನ ಸುದ್ದಿಯ ಮೇಲೆ ಬೀಳುತ್ತದೆ. ತಳಮಳದಲ್ಲಿ ಅವಳನ್ನು ಅರ್ಧಕ್ಕೇ ತಡೆದುಬಿಡುತ್ತಾನೆ. ಅವಳು ಅನುತ್ತೀರ್ಣಳಾಗುತ್ತಾಳೆ. ಒಂದು ಅನ್ಯಾಯದ ಬೆನ್ನಿಗೇ ಇನ್ನೊಂದು ಅನ್ಯಾಯ. ಆದರೆ ಸೈಕಲ್ ಸವಾರನಂತೆ ಇವಳು ಒಂಟಿಯಲ್ಲ. ವಿದ್ಯಾರ್ಥಿಗಳು ಅವಳ ಪರವಾಗಿ ನಿಲ್ಲುತ್ತಾರೆ, ಕಿಟಕಿ ಗಾಜುಗಳು ಒಡೆಯುತ್ತವೆ. ಆ ಪ್ರತಿಭಟನೆಯನ್ನು ಕಂಡು ಹುವಾನ್ ಸಿಟ್ಟಾಗುವುದಿಲ್ಲ, ಎಚ್ಚರಗೊಳ್ಳುತ್ತಾನೆ. ಹುದ್ದೆ ಬಿಟ್ಟು, ಪೊಲೀಸರಿಗೆ ಎಲ್ಲವನ್ನೂ ಹೇಳಲು ನಿರ್ಧರಿಸುತ್ತಾನೆ.

ಇನ್ನೊಂದೆಡೆ ರಫಾ ಎಂಬ ಕಲಾವಿಮರ್ಶಕನಿದ್ದಾನೆ. ಶ್ರೀಮಂತರ ಔತಣಗಳಲ್ಲಿ ತಿಂದುಂಡು, ಅವರನ್ನೇ ದ್ವೇಷಿಸುವವನು. ‘ನನಗೆಲ್ಲ ಗೊತ್ತು’ ಎಂಬ ಅವನ ಸೂಚನೆಗೆ ಪ್ರೇಮಿಗಳು ನಡುಗುತ್ತಾರೆ. ನಿಜವಾಗಿ ಅವನಿಗೆ ಗೊತ್ತಿರುವುದು ಅವರ ಸಂಬಂಧ ಮಾತ್ರ, ಸಾವಿನ ವಿಷಯವಲ್ಲ. ಅವರನ್ನು ಬೆನ್ನಟ್ಟುತ್ತಿರುವುದು ರಫಾನಿಗಿಂತ ಹೆಚ್ಚಾಗಿ ಅವರದೇ ಅಪರಾಧ ಪ್ರಜ್ಞೆ. ಒಂದು ಔತಣದಲ್ಲಿ ರಫಾ ಮರಿಯಾ ಹೊಸೆಯ ಗಂಡನ ಕಿವಿಯಲ್ಲಿ ಏನೋ ಉಸುರುತ್ತಾನೆ. ಹಾಡು, ಚಪ್ಪಾಳೆಗಳ ಅಬ್ಬರದಲ್ಲಿ ನಮಗೆ ಒಂದು ಮಾತೂ ಕೇಳುವುದಿಲ್ಲ, ಮುಖಗಳು ಮಾತ್ರ ಕಾಣುತ್ತವೆ. ಭಯವನ್ನು ಇದಕ್ಕಿಂತ ಚೆನ್ನಾಗಿ ತೋರಿಸುವುದು ಕಷ್ಟ.

ಕೊನೆಗೆ ಅದೇ ರಸ್ತೆ. ತಪ್ಪೊಪ್ಪಿಕೊಳ್ಳಲು ಹೊರಟ ಹುವಾನನನ್ನು ಮರಿಯಾ ಹೊಸೆ ಅದೇ ಜಾಗದಲ್ಲಿ ಕಾರು ಹಾಯಿಸಿ ಕೊಲ್ಲುತ್ತಾಳೆ. ವೇಗವಾಗಿ ಹಿಂದಿರುಗುವಾಗ ಇನ್ನೊಬ್ಬ ಸೈಕಲ್ ಸವಾರ ಎದುರಾಗುತ್ತಾನೆ. ಅವನನ್ನು ತಪ್ಪಿಸಲು ಹೋಗಿ ಕಾರು ಸೇತುವೆಯಿಂದ ಕೆಳಗುರುಳುತ್ತದೆ. ಪರಪುರುಷನ ಸಂಗ ಮಾಡಿದವಳಿಗೆ ತೆರೆಯ ಮೇಲೆ ಶಿಕ್ಷೆಯಾಗಲೇಬೇಕೆಂಬುದು ಆಗಿನ ಸೆನ್ಸಾರಿನ ಪಟ್ಟಾಗಿತ್ತು. ಈ ಮುಕ್ತಾಯ ಚಿತ್ರಕ್ಕೆ ಸ್ವಲ್ಪ ಹಾನಿಯನ್ನೂ ಮಾಡಿದೆ. ಅಲ್ಲಿಯವರೆಗೆ ಹೆದರಿದ, ಸುಖಕ್ಕೆ ಅಂಟಿಕೊಂಡ ಮನುಷ್ಯಳಾಗಿದ್ದ ಮರಿಯಾ ಹೊಸೆ ಒಮ್ಮೆಲೇ ಖಳನಾಯಕಿಯಾಗುತ್ತಾಳೆ. ಗಂಡಸಿಗೆ ಪಶ್ಚಾತ್ತಾಪದ ಗೌರವ, ಹೆಣ್ಣಿಗೆ ಬರೀ ಶಿಕ್ಷೆ. ಲೂಚಿಯಾ ಬೊಸೆಯ ಸಂಯಮದ ಅಭಿನಯ ಇಲ್ಲದಿದ್ದರೆ ಈ ಪಕ್ಷಪಾತ ಇನ್ನೂ ಎದ್ದು ಕಾಣುತ್ತಿತ್ತು.

ಆದರೆ ಸೆನ್ಸಾರಿನ ಕಣ್ಣಿಗೆ ಬಿದ್ದದ್ದು ಹಾಸಿಗೆಯ ಪಾಪ ಮಾತ್ರ. ರಸ್ತೆಯ ಪಾಪವನ್ನು ಬಾರ್ದೆಮ್ ಪ್ರೇಕ್ಷಕರ ಮುಂದಿಟ್ಟ. ಯಾರ ಮಾನ ದೊಡ್ಡದು, ಯಾರ ಪ್ರಾಣ ಅಗ್ಗ ಎಂಬುದೇ ಅವನ ಪ್ರಶ್ನೆ. ಸತ್ತವನ ಮುಖವನ್ನು ಚಿತ್ರ ನಮಗೆ ತೋರಿಸುವುದೇ ಇಲ್ಲ. ಅವನ ಬಡ ವಠಾರಕ್ಕೆ ಹುವಾನ್ ಹೋದಾಗ ಮಾತ್ರ ಅವನಿಗೊಂದು ಮನೆ, ಒಂದು ಸಂಸಾರವಿತ್ತೆಂಬುದು ಅರಿವಿಗೆ ಬರುತ್ತದೆ. ಆ ವರ್ಷ ಕಾನ್ ಚಿತ್ರೋತ್ಸವದಲ್ಲಿ ಅಂತಾರಾಷ್ಟ್ರೀಯ ವಿಮರ್ಶಕರ ಪ್ರಶಸ್ತಿ ಈ ಚಿತ್ರಕ್ಕೆ ಸಂದಿತು. ಮರುವರ್ಷ, 1956ರಲ್ಲಿ, ಮುಂದಿನ ಚಿತ್ರದ ಚಿತ್ರೀಕರಣದ ನಡುವೆಯೇ ಬಾರ್ದೆಮ್‌ನನ್ನು ಬಂಧಿಸಲಾಯಿತು.

ಮರೆಯಲಾಗದ್ದು ಕೊನೆಯ ನೋಟ. ಬಿದ್ದ ಕಾರನ್ನು ನೋಡಿದ ಎರಡನೆಯ ಸವಾರ ಒಂದು ಕ್ಷಣ ಅಳುಕುತ್ತಾನೆ, ಹುವಾನ್ ಅಳುಕಿದಂತೆಯೇ. ಆಮೇಲೆ ದೂರದಲ್ಲಿ ದೀಪ ಉರಿಯುತ್ತಿರುವ ಮನೆಯತ್ತ, ನೆರವು ಕರೆತರಲು ಸೈಕಲ್ ತುಳಿಯುತ್ತಾನೆ. ಅವನಲ್ಲಿ ಕಾರಿಲ್ಲ, ಕಾಪಾಡಿಕೊಳ್ಳಬೇಕಾದ ಅಂತಸ್ತೂ ಇಲ್ಲ. ಓದಿದವರೂ ಉಳ್ಳವರೂ ಮಾಡಲಾಗದ್ದನ್ನು ಅವನು ಯೋಚಿಸದೆ ಮಾಡುತ್ತಾನೆ. ಅವನ ಆ ಒಂದು ಕ್ಷಣದ ಅಳುಕಿನಲ್ಲಿ ನಾವೂ ನಿಂತಿದ್ದೇವೆ. ಅದರ ನಂತರ ಯಾವ ಕಡೆ ತಿರುಗುತ್ತೇವೆ ಎಂಬುದನ್ನು ನಮ್ಮ ಪರವಾಗಿ ಯಾವ ಸೆನ್ಸಾರೂ ತೀರ್ಮಾನಿಸಲಾರದು.