ಘೋಷಣೆಗೆ ಮುಂಚಿನ ಬರ

ಯು.ಆರ್. ಅನಂತಮೂರ್ತಿಯವರ ಕತೆಯನ್ನಾಧರಿಸಿ ಎಂ.ಎಸ್. ಸತ್ಯು 1982ರಲ್ಲಿ ತೆರೆಗೆ ತಂದ ‘ಬರ’ ಚಿತ್ರ ಬೀದರ್ ಸೀಮೆಯಲ್ಲಿ ಚಿತ್ರೀಕರಣಗೊಂಡದ್ದು. ಜಿಲ್ಲೆಯನ್ನು ಬರಪೀಡಿತವೆಂದು ಘೋಷಿಸಲು ಹೆಣಗುವ ಪ್ರಾಮಾಣಿಕ ಜಿಲ್ಲಾಧಿಕಾರಿಯಾಗಿ ಅನಂತನಾಗ್ ನಟಿಸಿದ್ದಾರೆ. ಮಳೆಯ ಅಭಾವಕ್ಕಿಂತ ರಾಜಕೀಯದ ಲೆಕ್ಕಾಚಾರವೇ ಜನರನ್ನು ಹೆಚ್ಚು ಕೊಲ್ಲುತ್ತದೆಂಬ ಅದರ ಮಾತು ಇನ್ನೂ ಹಳತಾಗಿಲ್ಲ. 2023ರಲ್ಲಿ ರಾಜ್ಯದ 236 ತಾಲೂಕುಗಳ ಪೈಕಿ 223 ಬರಪೀಡಿತವೆಂದು ಘೋಷಣೆಯಾದವು. ಕೇಂದ್ರದ ಪರಿಹಾರಕ್ಕಾಗಿ 2024ರ ಮಾರ್ಚ್‌ನಲ್ಲಿ ರಾಜ್ಯ ಸರಕಾರ ಸುಪ್ರೀಂ ಕೋರ್ಟಿನ ಮೆಟ್ಟಿಲೇರಬೇಕಾಯಿತು. ಒಬ್ಬ ಜಿಲ್ಲಾಧಿಕಾರಿಯ ಪಾಡು ನಲವತ್ತು ವರ್ಷಗಳ ಬಳಿಕ ಇಡೀ ರಾಜ್ಯದ ಪಾಡಾಯಿತು!

ಆದರೂ ಚಿತ್ರದ ಬಗ್ಗೆ ನಮಗೊಂದು ತಕರಾರಿದೆ. ಅಲ್ಲಿ ಬರವನ್ನು ಅರ್ಥಮಾಡಿಕೊಳ್ಳುವವನು, ಅದಕ್ಕಾಗಿ ನಿದ್ದೆಗೆಡುವವನು ಅಧಿಕಾರಿ. ಜನ ಹೆಚ್ಚಾಗಿ ಗುಂಪಾಗಿಯೇ ಕಾಣುತ್ತಾರೆ: ಬೇಡುವ ಗುಂಪು, ಇಲ್ಲವೇ ರೊಚ್ಚಿಗೇಳುವ ಗುಂಪು. ಬರ ಬರುತ್ತಿದೆಯೆಂದು ಅವರಿಗೆ ಮೊದಲೇ ಗೊತ್ತಿರಲಿಲ್ಲವೇ? ಗೊತ್ತಿದ್ದರೆ ಏನು ಮಾಡಿದರು? ಈ ಪ್ರಶ್ನೆಯನ್ನು ಚಿತ್ರ ಕೇಳುವುದಿಲ್ಲ. ಬರ, ಬಿಸಿಲುಗಳ ಬಗ್ಗೆ ಬರೆಯುವ ನಾವು ಪತ್ರಿಕೆಯವರೂ ಅಷ್ಟಾಗಿ ಕೇಳುವುದಿಲ್ಲ.

ಕಲಬುರಗಿ ನಗರವನ್ನೇ ನೋಡೋಣ. ಏಪ್ರಿಲ್, ಮೇ ತಿಂಗಳಲ್ಲಿ ಇಲ್ಲಿನ ಸರಕಾರಿ ಕಚೇರಿಗಳ ವೇಳೆಯನ್ನು ಬೆಳಿಗ್ಗೆ 8ರಿಂದ ಮಧ್ಯಾಹ್ನ 1.30ರ ವರೆಗೆ ಎಂದು ಬದಲಿಸುವ ರೂಢಿಯಿದೆ. ಒಳ್ಳೆಯದೇ. ತೊಗರಿ ಚೀಲ ಹೊರುವ ಹಮಾಲನಿಗೆ, ಗಾರೆ ಕೆಲಸದ ಹೆಣ್ಣುಮಗಳಿಗೆ ಅಂಥ ಸುತ್ತೋಲೆ ಹೊರಡುವುದಿಲ್ಲ. 2022ರಲ್ಲಿ ರಮಝಾನ್ ಏಪ್ರಿಲ್‌ನಲ್ಲೇ ಬಂದಿತ್ತು. ಇಂಥ ಬಿಸಿಲಲ್ಲಿ ರೋಜಾ ಹಿಡಿದ ಕೂಲಿಯವನಿಗೆ ಯಾವ ಹವಾಮಾನ ವರದಿಯೂ ಬೇಕಿಲ್ಲ. ಭಾರದ ಕೆಲಸವನ್ನು ಬಿಸಿಲೇರುವ ಮುನ್ನ ಮುಗಿಸುವ ಲೆಕ್ಕ ಅವನ ಮೈಗೇ ಗೊತ್ತು. ಆದರೆ ಲಾರಿ ಯಾವಾಗ ಬರಬೇಕೆಂಬುದು ಅವನ ಕೈಯಲ್ಲಿಲ್ಲ.

ಇಲ್ಲಿಂದ ಬೀದರಿನ ದಾರಿ ಹಿಡಿದರೆ ಕಮಲಾಪುರ. ಅಲ್ಲಿನ ಕೆಂಪು ಬಾಳೆಗೆ ಭೌಗೋಳಿಕ ಸೂಚಕದ ಮನ್ನಣೆಯಿದೆ. ಬೇರೆ ಬಾಳೆ ವರ್ಷದೊಳಗೆ ಕೈಗೆ ಬಂದರೆ ಇದಕ್ಕೆ ಸುಮಾರು ಹದಿನೆಂಟು ತಿಂಗಳು ಬೇಕು. ಅಷ್ಟೂ ದಿನ ಬುಡ ಒಣಗಬಾರದು. ಆದ್ದರಿಂದ ಕಂದು ನೆಡುವ ರೈತ ಮುಂದಿನ ಬೇಸಿಗೆಯನ್ನು ಇಂದೇ ಎಣಿಸಬೇಕು. ಬಾವಿ ಯಾವ ತಿಂಗಳಿಗೆ ತಳ ಕಾಣುತ್ತದೆ, ಬೋರು ಕೈಕೊಟ್ಟರೆ ಟ್ಯಾಂಕರಿಗೆ ದುಡ್ಡೆಲ್ಲಿ, ಹಳೆಯ ಸಾಲ ಎಷ್ಟುಳಿದಿದೆ? ಲೆಕ್ಕ ಸರಿಹೋಗದಿದ್ದರೆ ಅವನು ಕಂದು ನೆಡುವುದೇ ಇಲ್ಲ. ಅವನ ಬರ ಅಂದೇ ಶುರುವಾಯಿತು. ಆದರೆ ನೆಡದ ಬಾಳೆ ಯಾವ ಸಮೀಕ್ಷೆಯಲ್ಲೂ ಬೆಳೆನಷ್ಟವಲ್ಲ. ಸರಕಾರದ ಘೋಷಣೆ ಹೊರಡುವ ಹೊತ್ತಿಗೆ ಆ ನೆಲದಲ್ಲಿ ತೊಗರಿಯೋ ಜೋಳವೋ ನಿಂತಿರುತ್ತದೆ.